ಹೆಂಡತಿ ಯಾರೆಂದು ಸತ್ತ ಮೇಲೆ ಕೇಳಿದರೆ

ಸರ್ಕಾರಿ ಕಚೇರಿಯೊಂದರ ಪಡಸಾಲೆಯಲ್ಲಿ ಆ ಹೆಂಗಸು ಬಟ್ಟೆ ಅಂಗಡಿಯ ಪ್ಲಾಸ್ಟಿಕ್ ಕವರನ್ನು ತೊಡೆಯ ಮೇಲಿಟ್ಟುಕೊಂಡು ಕೂತಿದ್ದರು. ಅದರೊಳಗೆ ಗಂಡನ ಮರಣ ಪ್ರಮಾಣಪತ್ರ, ವಂಶವೃಕ್ಷ, ರೇಷನ್ ಕಾರ್ಡು, ಮಡಿಕೆಯಲ್ಲಿ ಹರಿದ ಲಗ್ನಪತ್ರಿಕೆ, ಧಾರೆಯ ಹೊತ್ತಿನ ಕಪ್ಪು-ಬಿಳುಪು ಫೋಟೊ. ಗುಮಾಸ್ತರು ಫೋಟೊ ಕಡೆ ನೋಡಲಿಲ್ಲ. ಸರ್ವೀಸ್ ರಿಜಿಸ್ಟರಿನ ಕುಟುಂಬ ವಿವರದ ಪುಟ ತಿರುಗಿಸಿ, ‘ಇಲ್ಲಿ ಬೇರೆ ಹೆಸರಿದೆಯಲ್ಲಮ್ಮ’ ಎಂದರು. ಆಕೆ ಅಳಲಿಲ್ಲ. ‘ಇದನ್ನ ಬರೆಯೋವಾಗ ನನ್ನನ್ನ ಒಂದು ಮಾತು ಕೇಳಿದ್ರಾ ಸ್ವಾಮಿ?’ ಎಂದಷ್ಟೇ ಕೇಳಿದರು.

ಗುಮಾಸ್ತರ ಬಳಿ ಉತ್ತರವಿರಲಿಲ್ಲ. ಕಾನೂನಿನ ಬಳಿ ಅರ್ಧ ಉತ್ತರವಿದೆ. 1955ರ ಹಿಂದೂ ವಿವಾಹ ಕಾಯ್ದೆಯ ಪ್ರಕಾರ ಮದುವೆಯ ಹೊತ್ತಿಗೆ ಗಂಡಿಗಾಗಲಿ ಹೆಣ್ಣಿಗಾಗಲಿ ಬದುಕಿರುವ ಸಂಗಾತಿ ಇರಬಾರದು. ಇದ್ದರೆ ಕಲಂ 11ರಂತೆ ಆ ಮದುವೆ ಅನೂರ್ಜಿತ. ದಂಪತಿ ಇಪ್ಪತ್ತು ವರ್ಷ ದೂರವಿದ್ದರೂ, ಜೀವನಾಂಶದ ಆದೇಶವೇ ಇದ್ದರೂ, ವಿಚ್ಛೇದನದ ಡಿಕ್ರಿ ಇಲ್ಲದಿದ್ದರೆ ಮದುವೆ ಉಳಿದೇ ಇರುತ್ತದೆ. ಹಾಗಾಗಿ ಕುಟುಂಬ ಪಿಂಚಣಿಯ ಮೇಲೆ ಲಗ್ನಪತ್ರಿಕೆಯ ಹೆಂಗಸಿನದೇ ಹಕ್ಕು. ಆದರೆ ಅದನ್ನು ಸಾಬೀತು ಮಾಡಲು ಆಕೆ ಎಷ್ಟು ವರ್ಷ ಅಲೆಯಬೇಕು ಎಂಬುದನ್ನು ಕಾಯ್ದೆ ಹೇಳುವುದಿಲ್ಲ.

2023ರಲ್ಲಿ ಬಂದ ಎರಡು ತೀರ್ಪುಗಳನ್ನು ಜೊತೆಗಿಟ್ಟು ಓದಬೇಕು. ಮೊದಲ ಮದುವೆ ಜಾರಿಯಲ್ಲಿದ್ದಾಗಲೇ ಕೈಹಿಡಿದ ಎರಡನೇ ಹೆಂಡತಿಗೆ ಕುಟುಂಬ ಪಿಂಚಣಿ ಇಲ್ಲ ಎಂದು ಕರ್ನಾಟಕ ಹೈಕೋರ್ಟಿನ ವಿಭಾಗೀಯ ಪೀಠ ಹೇಳಿತು. ಅದೇ ವರ್ಷ ಸುಪ್ರೀಂ ಕೋರ್ಟು, ಸೈನಿಕನೊಬ್ಬನ ಎರಡನೇ ಹೆಂಡತಿಗೆ ಪಿಂಚಣಿ ಕೊಡಿ ಎಂದಿತು. ಆ ಸೈನಿಕ ಎರಡನೇ ಮದುವೆಯಾದದ್ದು 1981ರಲ್ಲಿ, ಮೊದಲ ಮದುವೆ ಇನ್ನೂ ಮುರಿಯದಿದ್ದಾಗ. ಆದರೆ 1990ರಲ್ಲಿ ವಿಚ್ಛೇದನವಾಯಿತು. ಅಲ್ಲಿಂದ 2001ರಲ್ಲಿ ಆತ ತೀರಿಕೊಳ್ಳುವವರೆಗೆ ಇಬ್ಬರೂ ಸಂಸಾರ ಮಾಡಿದ್ದರಿಂದ ಅವರನ್ನು ಗಂಡ-ಹೆಂಡತಿ ಎಂದೇ ಭಾವಿಸಬೇಕು ಎಂದಿತು ನ್ಯಾಯಾಲಯ. ಗಂಡ ಬದುಕಿದ್ದಾಗ ಕೈಸೇರಿದ ಒಂದು ಡಿಕ್ರಿ ಎಷ್ಟು ಕೆಲಸ ಮಾಡಿತು ನೋಡಿ.

ನಮ್ಮ ಕಡೆ ಆ ಡಿಕ್ರಿಯ ಜಾಗದಲ್ಲಿ ಇರುವುದು ಪಂಚಾಯಿತಿ ಕಟ್ಟೆಯ ಮೇಲೆ ಬರೆಸಿದ ಛಾಪಾ ಕಾಗದ. ಉತ್ತರ ಕರ್ನಾಟಕದಲ್ಲಿ ಅದಕ್ಕೆ ಸೋಡಚೀಟಿ ಎನ್ನುತ್ತಾರೆ. ಹಿರಿಯರು ಸಹಿ ಹಾಕಿದರು, ಒಂದಿಷ್ಟು ದುಡ್ಡು ಕೈಗಿಟ್ಟರು, ಇನ್ನು ಅವಳ ಹಾದಿ ಅವಳದು ಎಂದರು. ಸಮುದಾಯದ ರೂಢಿಯಂತೆ ಆಗುವ ಬಿಡುಗಡೆಯನ್ನು ಕಾಯ್ದೆಯ ಕಲಂ 29 ಉಳಿಸಿಕೊಂಡಿದೆ, ನಿಜ. ಆದರೆ ಅಂಥ ರೂಢಿ ಇದೆ ಎಂದು ಹೇಳುವವರೇ ಅದನ್ನು ಸಾಕ್ಷ್ಯಸಮೇತ ರುಜುವಾತು ಮಾಡಬೇಕು. ಆ ಹೊತ್ತಿಗೆ ಸಹಿ ಹಾಕಿದ ಹಿರಿಯರು ಎಷ್ಟು ಮಂದಿ ಉಳಿದಿರುತ್ತಾರೆ?

ಇನ್ನು ‘ನಾಮಿನಿ’ ಎಂಬ ನಂಬಿಕೆ. ಎರಡನೆಯಾಕೆಗೆ ಗಂಡ ಕೊಟ್ಟ ಭರವಸೆ ಸಾಮಾನ್ಯವಾಗಿ ಇದೊಂದೇ: ‘ನಿನ್ನ ಹೆಸರು ಹಾಕಿಸಿದ್ದೀನಿ.’ ಕುಟುಂಬ ಪಿಂಚಣಿ ನೌಕರನ ಸ್ವಂತ ಆಸ್ತಿಯಲ್ಲ, ಅದನ್ನು ಉಯಿಲು ಬರೆದು ಯಾರಿಗೂ ಕೊಡಲಾಗದು ಎಂದು ಸುಪ್ರೀಂ ಕೋರ್ಟು 1991ರಲ್ಲೇ ಹೇಳಿದೆ. ಅದು ಹೋಗುವುದು ನಿಯಮ ಯಾರನ್ನು ಕುಟುಂಬ ಎನ್ನುತ್ತದೋ ಅವರಿಗೆ. ಗಂಡ ಹೆಸರು ಹಾಕಿಸಿದ್ದು ನಿಜವೇ ಇರಬಹುದು. ಆ ಹೆಸರಿಗೆ ಬೆಲೆಯಿಲ್ಲ ಎಂದು ಆಕೆಗೆ ತಿಳಿಯುವುದು ತಿಥಿ ಮುಗಿದ ಮೇಲೆ.

ಮಕ್ಕಳ ವಿಷಯದಲ್ಲಿ ಮಾತ್ರ ಕಾನೂನು ಮೆತ್ತಗಾಗಿದೆ. ಅನೂರ್ಜಿತ ಮದುವೆಯ ಮಕ್ಕಳೂ ಔರಸ ಮಕ್ಕಳೇ ಎನ್ನುತ್ತದೆ ಕಲಂ 16. ಬಿಹಾರದ ನೌಕರನೊಬ್ಬನ ಪ್ರಕರಣದಲ್ಲಿ, 2000ನೇ ಇಸವಿಯಲ್ಲಿ, ಎರಡನೇ ಹೆಂಡತಿಗೆ ಏನೂ ಇಲ್ಲ, ಆಕೆಯ ಅಪ್ರಾಪ್ತ ಮಕ್ಕಳಿಗೆ ಪಾಲುಂಟು ಎಂದು ಸುಪ್ರೀಂ ಕೋರ್ಟು ತೀರ್ಮಾನಿಸಿತು.

ಒಬ್ಬಳೇ ಹೆಂಡತಿ ಎಂಬ ನಿಯಮ ಸಡಿಲಾಗಬೇಕೆಂದು ನಾನು ಹೇಳುತ್ತಿಲ್ಲ. ಗಂಡ ಬಿಟ್ಟುಹೋದವಳ ಕೈಯಲ್ಲಿ ಉಳಿದಿರುವುದು ಅದೊಂದೇ. ನನ್ನ ತಕರಾರು ಸರ್ಕಾರಕ್ಕೆ ಈ ನಿಯಮ ನೆನಪಾಗುವ ಹೊತ್ತಿನ ಬಗ್ಗೆ. ಸಂಗಾತಿ ಇರುವಾಗ ಸರ್ಕಾರಿ ನೌಕರ ಇನ್ನೊಂದು ಮದುವೆಯಾಗುವುದನ್ನು ನಡತೆ ನಿಯಮಗಳು ಹಿಂದಿನಿಂದಲೂ ತಡೆದಿವೆ. ಆದರೂ ಊರಿಗೆಲ್ಲ ಗೊತ್ತಿರುವ ಎರಡನೇ ಸಂಸಾರ ಇಲಾಖೆಗೆ ಗೊತ್ತಾಗುವುದಿಲ್ಲ. ಸೈಟು, ಚಿನ್ನ, ಸಾಲ ಎಷ್ಟಿದೆ ಎಂದು ನೌಕರನಿಂದ ಪ್ರತಿವರ್ಷ ಬರೆಸಿಕೊಳ್ಳುವ ಸರ್ಕಾರ, ಹೆಂಡತಿ ಯಾರು ಎಂದು ಗಟ್ಟಿಯಾಗಿ ಕೇಳುವುದು ಆತ ಸತ್ತ ಮೇಲೆ, ಅದೂ ಆಕೆಯನ್ನೇ. ತಪ್ಪು ಮಾಡಿದವನು ಪೂರ್ತಿ ಸಂಬಳ ಎಣಿಸಿಕೊಂಡು ಹೋಗಿರುತ್ತಾನೆ. ಉಳಿದ ಇಬ್ಬರು ಹೆಂಗಸರು ಕೋರ್ಟಿನ ಒಂದೇ ಬೆಂಚಿನ ಎರಡು ತುದಿಯಲ್ಲಿ ಕೂತಿರುತ್ತಾರೆ.

ಬದುಕಿದ್ದಾಗಲೇ ಕೇಳುವುದು ಆಗದ ಮಾತೇನಲ್ಲ. ವಿಚ್ಛೇದನದ ಅಥವಾ ಕೌಟುಂಬಿಕ ದೌರ್ಜನ್ಯದ ಮೊಕದ್ದಮೆ ಬಾಕಿ ಇದ್ದರೆ, ಗಂಡನಿಗಿಂತ ಮೊದಲು ಮಕ್ಕಳಿಗೆ ಪಿಂಚಣಿ ಸಲ್ಲಲಿ ಎಂದು ಮಹಿಳಾ ನೌಕರರು ಬರೆದುಕೊಡಬಹುದೆಂದು ಕೇಂದ್ರ ಸರ್ಕಾರ 2024ರ ಜನವರಿಯಲ್ಲಿ ಅವಕಾಶ ಕೊಟ್ಟಿತು. ಸಂಸಾರದ ಬಿರುಕನ್ನು ಮುಂಚೆಯೇ ಕಡತಕ್ಕೆ ತರಬಹುದು ಎಂದು ಅಲ್ಲಿಗೆ ಒಪ್ಪಿದಂತಾಯಿತು.

ಹಾಗಿದ್ದರೆ ಇನ್ನೊಂದು ಹೆಜ್ಜೆ ಇಡಲಿ. ಆಸ್ತಿ ವಿವರದ ಜೊತೆಗೇ ಕುಟುಂಬದ ವಿವರವನ್ನೂ ಪ್ರತಿವರ್ಷ ಪಡೆಯಲಿ. ಹೆಂಡತಿಯ ಹೆಸರು ಸೇರಿಸುವಾಗ ಮದುವೆ ನೋಂದಣಿ ಪತ್ರ, ಬದಲಿಸುವಾಗ ಡಿಕ್ರಿ ಅಥವಾ ಮರಣ ಪ್ರಮಾಣಪತ್ರ ಕೇಳಲಿ. ಹೆಸರು ತೆಗೆಯುವ ಮುನ್ನ ಆಕೆಯ ವಿಳಾಸಕ್ಕೊಂದು ನೋಟಿಸು ಹೋಗಲಿ. ಒಂದು ಅಂಚೆಯ ಖರ್ಚು ಅಷ್ಟೆ. ಪಡಸಾಲೆಯಲ್ಲಿ ಕೂತಿದ್ದ ಆ ಹೆಂಗಸು ಕೇಳಿದ್ದೂ ಅಷ್ಟನ್ನೇ.