ಗ್ಯಾಂಗಿನ ಹೆಣ್ಣುಮಕ್ಕಳು ಮತ್ತು ಹೊರಬರುವ ದಾರಿ

ಬೀದಿ ಗ್ಯಾಂಗುಗಳನ್ನು ಕುರಿತ ಸಾಕ್ಷ್ಯಚಿತ್ರಗಳಲ್ಲಿ ಹೆಣ್ಣಿಗೆ ಸಾಮಾನ್ಯವಾಗಿ ದೊರೆಯುವುದು ಎರಡೇ ಪಾತ್ರ: ಶವದ ಮುಂದೆ ಗೋಳಾಡುವ ತಾಯಿ, ಇಲ್ಲವೇ ಜೈಲಿನ ಬಾಗಿಲಲ್ಲಿ ಕಾಯುವ ಸಂಗಾತಿ. ಗ್ಯಾಂಗಿನೊಳಗೆ ತಾನು ಮಾಡಿದ್ದೇನು, ತನಗಾದದ್ದೇನು ಎಂಬುದನ್ನು ಅವಳೇ ಹೇಳುವ ಚಿತ್ರಗಳು ವಿರಳ. ಅಂಥ ಎರಡು ಚಿತ್ರಗಳನ್ನು ಜೊತೆಗಿಟ್ಟು ನೋಡಿದರೆ, ಅವಳ ಮಾತಿಗೆ ಕ್ಯಾಮೆರಾಗಿಂತ ಮುಖ್ಯವಾಗಿ ಬೇಕಾದದ್ದು ಏನೆಂಬುದು ತಿಳಿಯುತ್ತದೆ.

ಮೊದಲನೆಯದು ಸ್ಟೀವ್ ಜೇಮ್ಸ್ ನಿರ್ದೇಶನದ, ಷಿಕಾಗೊ ನಗರದ 'ದಿ ಇಂಟರಪ್ಟರ್ಸ್' (2011). ಇದರ ಕೇಂದ್ರದಲ್ಲಿರುವ ಅಮೀನಾ ಮ್ಯಾಥ್ಯೂಸ್, ಕುಖ್ಯಾತ ಗ್ಯಾಂಗ್ ನಾಯಕ ಜೆಫ್ ಫೋರ್ಟ್‌ನ ಮಗಳು. ಒಂದು ಕಾಲದಲ್ಲಿ ಮಾದಕವಸ್ತು ಜಾಲಕ್ಕಾಗಿ ಜನರನ್ನು ಬೆದರಿಸುವ ಕೆಲಸ ಮಾಡುತ್ತಿದ್ದವರು. ಚಿತ್ರದ ವೇಳೆಗೆ ಅವರು 'ಸೀಸ್‌ಫೈರ್' ಸಂಸ್ಥೆಯ ಸಂಬಳದ ನೌಕರೆ. ಹಿಂಸೆ ಸಾಂಕ್ರಾಮಿಕ ರೋಗದಂತೆ ಹರಡುತ್ತದೆ ಎಂದು ನಂಬಿದ ವೈದ್ಯ ಗ್ಯಾರಿ ಸ್ಲಟ್‌ಕಿನ್ ಸ್ಥಾಪಿಸಿದ ಈ ಸಂಸ್ಥೆ, ಜಗಳ ಗುಂಡೇಟಿಗೆ ತಿರುಗುವ ಮುನ್ನ ತಡೆಯಲು ಮಾಜಿ ಗ್ಯಾಂಗ್ ಸದಸ್ಯರನ್ನೇ ನೇಮಿಸಿತು. ಬೀದಿಯಲ್ಲಿ ತೋಳೇರಿಸಿ ನಿಂತ ಯುವಕರ ನಡುವೆ ನುಗ್ಗಿ ಅಮೀನಾ ಮಾತನಾಡುವ ಬಗೆ ಬೆರಗು ಹುಟ್ಟಿಸುತ್ತದೆ. ಆದರೆ ನನಗೆ ಹೆಚ್ಚು ಸತ್ಯವೆನಿಸುವುದು ಇನ್ನೊಂದು ಭಾಗ: ಬಂಧನಗೃಹದಿಂದ ಹೊರಬಂದ ಹದಿಹರೆಯದ ಹುಡುಗಿಯೊಬ್ಬಳು ಕೊಟ್ಟ ಮಾತನ್ನು ಮತ್ತೆ ಮತ್ತೆ ಮುರಿಯುವುದು, ಅಮೀನಾ ಸಹನೆ ಕಳೆದುಕೊಳ್ಳುವುದು. ಇಲ್ಲಿ ವೀರಗಾಥೆಯಿಲ್ಲ.

ಅಮೆರಿಕದ ಗ್ಯಾಂಗುಗಳು ಅಮೆರಿಕದಲ್ಲೇ ಉಳಿಯಲಿಲ್ಲ. ಲಾಸ್ ಏಂಜಲೀಸ್‌ನಲ್ಲಿ ವಲಸಿಗರ ನಡುವೆ ಬೆಳೆದ '18' ಎಂಬ ಗ್ಯಾಂಗು, 1990ರ ದಶಕದ ಗಡೀಪಾರುಗಳ ಮೂಲಕ ಎಲ್ ಸಾಲ್ವಡಾರ್‌ನಲ್ಲಿ ಬೇರೂರಿತು. ಅದರ ಸದಸ್ಯರ ನಡುವೆ ಒಂದು ವರ್ಷಕ್ಕೂ ಹೆಚ್ಚು ಕಾಲ ಓಡಾಡಿ ಕ್ರಿಸ್ಟಿಯನ್ ಪೊವೆಡಾ ತೆಗೆದ ಚಿತ್ರ 'ಲಾ ವಿದಾ ಲೋಕಾ' (2008). ಇದರಲ್ಲಿನ ಹೆಣ್ಣುಮಕ್ಕಳು ಇನ್ನೂ ಒಳಗಿದ್ದವರು. ಮುಖದ ಮೇಲೆ ಗ್ಯಾಂಗಿನ ಹಚ್ಚೆ, ಮಡಿಲಲ್ಲಿ ಕೂಸು. ಗುಂಡೇಟಿನಿಂದ ಒಂದು ಕಣ್ಣು ಕಳೆದುಕೊಂಡು ಕೃತಕ ಕಣ್ಣಿಗಾಗಿ ಆಸ್ಪತ್ರೆಗೆ ಅಲೆಯುವ ಯುವತಿಯೊಬ್ಬಳು ಚಿತ್ರ ಮುಗಿಯುವ ಮುನ್ನವೇ ಕೊಲೆಯಾಗುತ್ತಾಳೆ. ಸದಸ್ಯರಿಗೆ ದುಡಿಮೆ ಕೊಡಲೆಂದು ಆರಂಭಿಸಿದ ಬೇಕರಿ ಪೊಲೀಸ್ ಕಾರ್ಯಾಚರಣೆಯ ನಂತರ ಉಳಿಯುವುದಿಲ್ಲ. ಸ್ವತಃ ಪೊವೆಡಾ 2009ರ ಸೆಪ್ಟೆಂಬರ್‌ನಲ್ಲಿ ಹತ್ಯೆಯಾದರು.

ಈ ಎರಡು ಚಿತ್ರಗಳ ಹೆಣ್ಣುಮಕ್ಕಳ ನಡುವಿನ ಅಂತರ ಧೈರ್ಯದ್ದಲ್ಲ. ಅಮೀನಾಗೆ ಹೊರಗೆ ಒಂದು ಉದ್ಯೋಗವಿತ್ತು, ಸಂಸಾರವಿತ್ತು, ಧರ್ಮಶ್ರದ್ಧೆಯಿತ್ತು. ಆ ನೆಲೆಯ ಮೇಲೆ ನಿಂತು ಹಿಂದಿನದನ್ನು ತೀರ್ಪಿನೊಂದಿಗೆ ಹೇಳುವುದು ಸಾಧ್ಯವಾಯಿತು. ಸಾಲ್ವಡಾರ್‌ನ ಯುವತಿಗೆ ಇದ್ದದ್ದು ಒಂದು ಬೇಕರಿ, ಅದೂ ಮುಚ್ಚಿತು. ಷಿಕಾಗೊದ ನೆಲೆಯೂ ಭದ್ರವಾಗಿರಲಿಲ್ಲ ಎನ್ನಿ. 2015ರಲ್ಲಿ ಇಲಿನಾಯ್ ಸರ್ಕಾರ ಸೀಸ್‌ಫೈರ್‌ಗೆ ನೀಡುತ್ತಿದ್ದ ಹಣವನ್ನು ತಡೆಹಿಡಿಯಿತು.

ಎಲ್ ಸಾಲ್ವಡಾರ್ 2022ರ ಮಾರ್ಚ್‌ನಲ್ಲಿ ತುರ್ತುಪರಿಸ್ಥಿತಿ ಹೇರಿ, ಆ ಬಳಿಕ 80 ಸಾವಿರಕ್ಕೂ ಹೆಚ್ಚು ಜನರನ್ನು ಬಂಧಿಸಿದೆ. ಕೊಲೆಗಳು ಗಣನೀಯವಾಗಿ ಇಳಿದಿವೆ. ಗ್ಯಾಂಗುಗಳ ಸುಲಿಗೆಯಿಂದ ಬಸವಳಿದಿದ್ದ ಜನ ಇದನ್ನು ಸ್ವಾಗತಿಸಿದ್ದರಲ್ಲಿ ಆಶ್ಚರ್ಯವಿಲ್ಲ. ಹಚ್ಚೆಯನ್ನೇ ಅಪರಾಧದ ಗುರುತಾಗಿ ಎಣಿಸಿದ ಈ ಕಾರ್ಯಾಚರಣೆಯಲ್ಲಿ ಸೆರೆಯಾದವರಲ್ಲಿ ಹೆಂಗಸರೂ ಇದ್ದಾರೆ. ಆದರೆ ಸೆರೆಮನೆಗಳಿಂದ ಜಗತ್ತಿಗೆ ತಲುಪಿದ ಪ್ರಸಿದ್ಧ ದೃಶ್ಯಗಳು ಸರ್ಕಾರವೇ ಚಿತ್ರೀಕರಿಸಿದವು. ಅವುಗಳಲ್ಲಿ ಕಾಣುವುದು ತಲೆ ಬೋಳಿಸಿಕೊಂಡು ಸಾಲಾಗಿ ಬಗ್ಗಿ ಕುಳಿತ ಗಂಡಸರು. ಅವರಲ್ಲೊಬ್ಬರೂ ಮಾತನಾಡುವುದಿಲ್ಲ.