ಜೀವನಾಂಶ ಬಾಕಿ, ಪಾಸ್‌ಪೋರ್ಟ್ ಮಾತ್ರ ಚಾಲ್ತಿ!

ಮಕ್ಕಳ ಜೀವನಾಂಶ ಕಟ್ಟದೆ ಗಲ್ಫಿಗೆ ಹೊರಟವನ ಪಾಸ್‌ಪೋರ್ಟ್ ನಿಲ್ಲುತ್ತದೆಯೇ? ಬರೀ ಬಾಕಿಗೆ ನಿಲ್ಲೋದಿಲ್ಲ. ಅಮೆರಿಕದಲ್ಲಾದರೆ ಬಾಕಿ 2,500 ಡಾಲರ್ ದಾಟಿದರೆ ಸಾಕು, ಪಾಸ್‌ಪೋರ್ಟ್ ಬಂದ್. ನಮ್ಮ 1967ರ ಪಾಸ್‌ಪೋರ್ಟ್ ಕಾಯ್ದೆಯಲ್ಲಿ ಜೀವನಾಂಶದ ಸುದ್ದಿಯೇ ಇಲ್ಲ.

ಆದರೆ ಕೋರ್ಟಿನ ಅರೆಸ್ಟ್ ವಾರಂಟ್ ಇದ್ದರೆ ಅರ್ಜಿ ತಿರಸ್ಕರಿಸಬಹುದು, ಕೈಯಲ್ಲಿರುವ ಪಾಸ್‌ಪೋರ್ಟನ್ನೂ ಜಪ್ತು ಮಾಡಬಹುದು. ಈ ಜಪ್ತಿನ ಅಧಿಕಾರ ಪಾಸ್‌ಪೋರ್ಟ್ ಅಧಿಕಾರಿಗೇ ಹೊರತು ಪೊಲೀಸರಿಗಲ್ಲವೆಂದು ಸುಪ್ರೀಂ ಕೋರ್ಟು 2008ರಲ್ಲೇ ಹೇಳಿದೆ. ಅಂದಮೇಲೆ ಠಾಣೆಗೆ ಅಲೆದು ಏನು ಬಂತು? ವಾರಂಟಿನ ನಕಲು ಬೆಂಗಳೂರಿನ ಪಾಸ್‌ಪೋರ್ಟ್ ಕಚೇರಿಗೆ ಮುಟ್ಟಬೇಕು. ಮುಟ್ಟಿಸುವವರು ಯಾರು? ಕೂಲಿ ಬಿಟ್ಟು ರಾವೂರಿನಿಂದ ಚಿತ್ತಾಪುರದ ಬಸ್ ಹತ್ತುವ ತಾಯಿಯೇ!

ಇನ್ನೊಂದು ತೊಡಕು. ಹಳೆಯ 125ನೇ ಕಲಂ 2024ರಿಂದ 144 ಆಗಿದೆ, ಗಡುವು ಮಾತ್ರ ಅದೇ: ಹಣ ಬಾಕಿಯಾದ ಒಂದು ವರ್ಷದೊಳಗೆ ಅರ್ಜಿ ಬೀಳದಿದ್ದರೆ ಆ ಹಣಕ್ಕೆ ವಾರಂಟೇ ಹೊರಡದು.