ಸಂವಾದವೆಂಬ ಮಾತಿಗೆ ಅರ್ಥವಿರಲಿ

ನಮ್ಮ ಧರ್ಮಕೇಂದ್ರಗಳ ಪ್ರಕಟಣಾ ಫಲಕಗಳಲ್ಲಿ ಪದೇ ಪದೇ ಕಾಣಿಸಿಕೊಳ್ಳುವ ಪದವೊಂದಿದೆ: ‘ಸಂವಾದ’. ಯುವಜನರೊಂದಿಗೆ ಸಂವಾದ, ದಂಪತಿಗಳೊಂದಿಗೆ ಸಂವಾದ, ಧರ್ಮಾಧ್ಯಕ್ಷರೊಂದಿಗೆ ಸಂವಾದ, ಸರ್ವಧರ್ಮ ಸಂವಾದ. ಧರ್ಮಸಭೆಯ ಹೊರಗೂ ಇದೇ ಮಾತು. ಮಂತ್ರಿಗಳು ರೈತರೊಂದಿಗೆ, ಅಧಿಕಾರಿಗಳು ವಿದ್ಯಾರ್ಥಿಗಳೊಂದಿಗೆ, ಸಾಹಿತಿಗಳು ಓದುಗರೊಂದಿಗೆ ಸಂವಾದ ನಡೆಸಿದರೆಂಬ ಸುದ್ದಿಯಿಲ್ಲದ ವಾರವೇ ಅಪರೂಪ. ಆದರೆ ಇಂತಹ ಕಾರ್ಯಕ್ರಮಗಳಿಗೆ ಹೋಗಿ ಬಂದವರ ಅನುಭವ ಬೇರೆ. ಹತ್ತು ಗಂಟೆಗೆ ಪ್ರಾರ್ಥನಾ ಗೀತೆ, ಸ್ವಾಗತ, ದೀಪ ಬೆಳಗುವಿಕೆ. ಅನಂತರ ಒಬ್ಬರದೇ ಒಂದೂವರೆ ಗಂಟೆಯ ಭಾಷಣ. ಊಟದ ಹೊತ್ತು ಸಮೀಪಿಸಿದಾಗ, ಯಾರಿಗಾದರೂ ಪ್ರಶ್ನೆಗಳಿದ್ದರೆ ಚುಟುಕಾಗಿ ಕೇಳಬಹುದೆಂಬ ಸೂಚನೆ. ಇಬ್ಬರು ಕೇಳುತ್ತಾರೆ, ವಂದನಾರ್ಪಣೆಯಾಗುತ್ತದೆ. ಮರುದಿನದ ವರದಿಯಲ್ಲಿ ಅದು ‘ಅರ್ಥಪೂರ್ಣ ಸಂವಾದ’!

ಯಾರನ್ನೂ ಹಂಗಿಸುವ ಉದ್ದೇಶದಿಂದ ನಾವು ಇದನ್ನು ಬರೆಯುತ್ತಿಲ್ಲ. ಹಾಗೆ ಮೈಕಿನ ಮುಂದೆ ನಿಂತು ಸಮಯ ಮರೆತವರಲ್ಲಿ ನಾವೂ ಸೇರಿದ್ದೇವೆ. ಆದರೆ ಭಾಷಣಕ್ಕೆ ಸಂವಾದವೆಂಬ ಹೆಸರಿಟ್ಟರೆ ನಷ್ಟವಾಗುವುದು ಪದಕ್ಕೆ ಮಾತ್ರವಲ್ಲ. ಆ ಪದ ಸೂಚಿಸುವ ಕಾರ್ಯವೇ ನಮ್ಮ ನಡುವಿನಿಂದ ಮರೆಯಾಗುತ್ತದೆ. ಮರೆಯಾದುದು ನಮಗೆ ತಿಳಿಯುವುದೂ ಇಲ್ಲ. ಆದ್ದರಿಂದ ಈ ವಾರ ಆ ಪದವನ್ನೇ ಸ್ವಲ್ಪ ಪರಿಶೀಲಿಸುವುದು ಉಚಿತವೆಂದು ಭಾವಿಸಿದ್ದೇವೆ.

‘ವಾದ’ ಎಂದರೆ ನುಡಿ, ಹೇಳಿಕೆ. ಅದಕ್ಕೆ ಬೇರೆ ಬೇರೆ ಉಪಸರ್ಗಗಳು ಸೇರಿ ವಿವಾದ, ಅಪವಾದ, ಪ್ರತಿವಾದ, ಅನುವಾದ, ಸಂವಾದಗಳಾಗಿವೆ. ನ್ಯಾಯಾಲಯದಲ್ಲಿ ವಾದಿ ಮತ್ತು ಪ್ರತಿವಾದಿ ಎದುರುಬದುರು ನಿಲ್ಲುತ್ತಾರೆ. ಒಬ್ಬರು ಗೆದ್ದರೆ ಇನ್ನೊಬ್ಬರು ಸೋತಂತೆ. ಸಂಗೀತದಲ್ಲಿಯೂ ವಾದಿ, ಸಂವಾದಿ, ವಿವಾದಿ ಎಂಬ ಪದಗಳಿವೆ. ಷಡ್ಜಕ್ಕೆ ಪಂಚಮ ಸಂವಾದಿ. ಎರಡೂ ಒಂದೇ ಸ್ವರವಲ್ಲ. ಒಂದು ಇನ್ನೊಂದನ್ನು ಅನುಕರಿಸುವುದೂ ಇಲ್ಲ. ತಂತಮ್ಮ ಸ್ಥಾನದಲ್ಲಿ ನಿಂತೇ ಅವು ಕಿವಿಗೆ ಹಿತವಾಗಿ ಹೊಂದಿಕೊಳ್ಳುತ್ತವೆ. ಸಂವಾದವೆಂದರೆ ಕೊನೆಗೆ ಎಲ್ಲರೂ ಒಂದೇ ಮಾತನ್ನು ಹೇಳಬೇಕೆಂದು ತಿಳಿದವರಿಗೆ ತಂಬೂರಿಯ ಶ್ರುತಿಯೇ ಉತ್ತರ ಹೇಳುತ್ತದೆ. ಭಿನ್ನತೆ ಇಲ್ಲದಿದ್ದರೆ ಸಂವಾದಕ್ಕೆ ಅವಕಾಶವೇ ಇಲ್ಲ.

ನಮ್ಮ ನಾಡಿನ ತರ್ಕಶಾಸ್ತ್ರವೂ ಈ ವಿಷಯದಲ್ಲಿ ಸೂಕ್ಷ್ಮವಾಗಿದೆ. ಗೌತಮರ ನ್ಯಾಯಸೂತ್ರಗಳು ಚರ್ಚೆಯನ್ನು ವಾದ, ಜಲ್ಪ, ವಿತಂಡ ಎಂದು ಮೂರು ಬಗೆಯಾಗಿ ವಿಂಗಡಿಸುತ್ತವೆ. ಸತ್ಯವನ್ನು ಅರಿಯುವ ಆಸೆಯಿಂದ ನಡೆಸುವುದು ವಾದ. ಗೆಲುವಿಗಾಗಿ ನಡೆಸುವುದು ಜಲ್ಪ. ತನ್ನದೆಂದು ಏನನ್ನೂ ಸ್ಥಾಪಿಸದೆ ಎದುರಾಳಿಯ ಮಾತನ್ನು ಕೆಡವುವುದಷ್ಟೇ ವಿತಂಡ. ಭಗವದ್ಗೀತೆಯ ಪ್ರತಿ ಅಧ್ಯಾಯದ ಕೊನೆಯ ಸಮಾಪ್ತಿ ವಾಕ್ಯ ಅದನ್ನು ಶ್ರೀಕೃಷ್ಣಾರ್ಜುನರ ಸಂವಾದವೆಂದು ಕರೆಯುತ್ತದೆ. ಅಲ್ಲಿಯೂ ಮೊದಲ ಅಧ್ಯಾಯದಲ್ಲಿ ಕೃಷ್ಣ ಆಡುವುದು ಒಂದೇ ಒಂದು ಮಾತು. ಉಳಿದಂತೆ ಅರ್ಜುನನ ತಳಮಳವನ್ನು ಕೇಳುತ್ತಾನೆ. ಕನ್ನಡದ ಶೂನ್ಯಸಂಪಾದನೆಯಂತೂ ಶರಣರ ವಚನಗಳನ್ನು ಪರಸ್ಪರ ಪ್ರಶ್ನೆ, ಪ್ರತ್ಯುತ್ತರಗಳ ರೂಪದಲ್ಲಿ ಹೆಣೆದ ಗ್ರಂಥ. ಹೀಗೆ ಸಂವಾದವೆಂಬ ಪದ ನಮಗೆ ಹೊರಗಿನಿಂದ ಬಂದುದಲ್ಲ. ಧರ್ಮಸಭೆ ಅದನ್ನು ಕನ್ನಡದಲ್ಲಿ ಬಳಸಿದಾಗ ಅದರೊಂದಿಗೆ ಈ ಎಲ್ಲ ನೆನಪುಗಳೂ ಬಂದಿವೆ.

ಇನ್ನು ಇದಕ್ಕೆ ಸಮಾನವಾಗಿ ಪಾಶ್ಚಾತ್ಯ ಭಾಷೆಗಳಲ್ಲಿರುವ ‘ಡಯಲಾಗ್’ ಎಂಬ ಪದವನ್ನು ನೋಡೋಣ. ಅದರ ಮೊದಲ ಭಾಗಕ್ಕೆ ‘ಎರಡು’ ಎಂಬ ಅರ್ಥವಿದೆಯೆಂದೂ, ಆದ್ದರಿಂದ ಅದು ಇಬ್ಬರ ಮಾತುಕತೆಯೆಂದೂ ಹಲವರು ತಿಳಿದಿದ್ದಾರೆ. ಅದು ಸರಿಯಲ್ಲ. ಗ್ರೀಕ್ ಭಾಷೆಯ ‘ದಿಯಾ’ ಎಂದರೆ ‘ಮೂಲಕ’, ‘ಹಾಯ್ದು’. ‘ಲೋಗೋಸ್’ ಎಂದರೆ ಮಾತು. ಸಂತ ಯೊವಾನ್ನರ ಶುಭಸಂದೇಶದ ಮೊದಲ ಸಾಲಿನಲ್ಲಿ ಕ್ರಿಸ್ತರನ್ನು ‘ವಾಕ್ಯ’ವೆಂದು ಕರೆಯುವಾಗ ಬಳಸಿದ ಪದವೂ ಇದೇ. ಮಾತನ್ನು ಹಾಯ್ದು ಅದರಾಚೆಗಿನ ಸತ್ಯದತ್ತ ಸಾಗುವುದು ಆ ಪದದ ತಿರುಳು.

ಆದರೆ ಪದ ಒಳ್ಳೆಯದೆಂದ ಮಾತ್ರಕ್ಕೆ ಅದರ ಬಳಕೆಯೂ ಒಳ್ಳೆಯದೇ ಆಗಬೇಕೆಂದಿಲ್ಲ. ಇದನ್ನು ಹೊಸ ಒಡಂಬಡಿಕೆಯೇ ತೋರಿಸಿಕೊಡುತ್ತದೆ. ಅಥೆನ್ಸಿನ ಪೇಟೆಬೀದಿಯಲ್ಲಿ ಎದುರಾದವರೊಡನೆ, ಎಫೆಸದಲ್ಲಿ ತುರನ್ನನ ಪಾಠಶಾಲೆಯಲ್ಲಿ ಸಂತ ಪೌಲರು ನಡೆಸಿದ ಚರ್ಚೆಗಳಿಗೆ ಪ್ರೇಷಿತರ ಕಾರ್ಯಕಲಾಪಗಳ ಗ್ರೀಕ್ ಮೂಲ ಬಳಸುವುದು ಇದೇ ಕುಲದ ಕ್ರಿಯಾಪದವನ್ನು. ತಮ್ಮಲ್ಲಿ ಯಾರು ದೊಡ್ಡವರೆಂದು ಕಫೆರ್ನವುಮಿನ ದಾರಿಯಲ್ಲಿ ಶಿಷ್ಯರು ಜಗಳವಾಡಿದುದಕ್ಕೂ ಸಂತ ಮಾರ್ಕರು ಬಳಸಿದ್ದು ಅದೇ ಕ್ರಿಯಾಪದ. ತ್ರೋವದಲ್ಲಿ ಪೌಲರ ಮಾತು ನಡುರಾತ್ರಿಯವರೆಗೆ ಬೆಳೆದು, ಕಿಟಕಿಯಲ್ಲಿ ಕುಳಿತಿದ್ದ ಯೂತಿಖನೆಂಬ ಯುವಕ ತೂಕಡಿಸಿ ಮೂರನೆಯ ಅಂತಸ್ತಿನಿಂದ ಕೆಳಗೆ ಬಿದ್ದ ಪ್ರಸಂಗದಲ್ಲಿಯೂ ಅದೇ ಪದ. ಸಂವಾದ ಎಲ್ಲಿ ಭಾಷಣವಾಗುತ್ತದೆ, ಎಲ್ಲಿ ಪ್ರತಿಷ್ಠೆಯ ಪೈಪೋಟಿಯಾಗುತ್ತದೆ ಎಂಬುದನ್ನು ಪವಿತ್ರ ಗ್ರಂಥ ಮರೆಮಾಚಿಲ್ಲ.

ಇನ್ನೊಂದು ಸಂಗತಿಯೂ ಗಮನಾರ್ಹ. ಬಲಿಪೂಜೆಯಲ್ಲಿ ನಾವು ಕೇಳುವ ಪ್ರಬೋಧನೆಗೆ ಧರ್ಮಸಭೆಯ ಹಳೆಯ ಹೆಸರು ‘ಹೋಮಿಲಿ’. ಎಮ್ಮಾವಿನ ದಾರಿಯಲ್ಲಿ ಇಬ್ಬರು ಶಿಷ್ಯರು ದುಃಖದಿಂದ ತಮ್ಮತಮ್ಮಲ್ಲೇ ಮಾತನಾಡಿಕೊಳ್ಳುತ್ತಿದ್ದರೆಂದು ಹೇಳುವಾಗ ಸಂತ ಲೂಕರು ಬಳಸಿದ ಕ್ರಿಯಾಪದವೂ ಅದೇ ಮೂಲದ್ದು. ಪ್ರಬೋಧನೆಯ ಬೇರು ದಾರಿಯಲ್ಲಿ ಜೊತೆಯಾಗಿ ನಡೆಯುವವರ ಮಾತುಕತೆಯಲ್ಲಿದೆ. ಪುನರುತ್ಥಾನರಾದ ಪ್ರಭುವೂ ಅಲ್ಲಿ ಮೊದಲು ಮಾಡಿದ್ದು ಅವರೊಂದಿಗೆ ಹೆಜ್ಜೆ ಹಾಕುವುದು. ಎರಡನೆಯದು, ಏನು ಮಾತನಾಡುತ್ತಿದ್ದೀರೆಂದು ಕೇಳುವುದು. ಪವಿತ್ರ ಗ್ರಂಥದ ವಿವರಣೆ ಬಂದದ್ದು ಅವರ ಕಥೆಯನ್ನೆಲ್ಲ ಕೇಳಿಸಿಕೊಂಡ ಮೇಲೆ.

ಪೋಪ್ ಆರನೆಯ ಪೌಲರು 1964ರ ಆಗಸ್ಟ್ 6ರಂದು ಹೊರಡಿಸಿದ ತಮ್ಮ ಮೊದಲ ವಿಶ್ವಪತ್ರ ‘ಎಕ್ಲೇಸಿಯಾಮ್ ಸುವಾಮ್’ನಲ್ಲಿ ಈ ವಿಷಯವನ್ನೇ ಕೇಂದ್ರವಾಗಿರಿಸಿಕೊಂಡರು. ಅದರ ಲತೀನ್ ಮೂಲದಲ್ಲಿರುವ ಪದ ‘ಕೊಲ್ಲೋಕ್ವಿಯುಮ್’. ಅಂದರೆ ಕೂಡಿ ಮಾತನಾಡುವುದು. ನಮ್ಮ ‘ಸಂವಾದ’ಕ್ಕೆ ಇದಕ್ಕಿಂತ ಹತ್ತಿರದ ನೆಂಟ ಸಿಗಲಾರದು. ಅಂತಹ ಸಂವಾದಕ್ಕೆ ಸ್ಪಷ್ಟತೆ, ಸೌಮ್ಯತೆ, ನಂಬಿಕೆ, ವಿವೇಕ ಎಂಬ ನಾಲ್ಕು ಲಕ್ಷಣಗಳನ್ನು ಅವರು ಹೇಳಿದರು. ಅದೇ ವರ್ಷದ ಡಿಸೆಂಬರಿನಲ್ಲಿ ಮುಂಬಯಿಗೆ ಬಂದಾಗ ಅನ್ಯಧರ್ಮಗಳ ಪ್ರತಿನಿಧಿಗಳ ಮುಂದೆ ಬೃಹದಾರಣ್ಯಕ ಉಪನಿಷತ್ತಿನ ಪ್ರಾರ್ಥನೆಯನ್ನು ಗೌರವದಿಂದ ಉಲ್ಲೇಖಿಸಿ, ತಾವು ಬರೆದುದನ್ನು ಆಚರಿಸಿ ತೋರಿಸಿದರು. 1965ರ ಅಕ್ಟೋಬರ್ 28ರಂದು ದ್ವಿತೀಯ ವ್ಯಾಟಿಕನ್ ಮಹಾಸಭೆ ಪ್ರಕಟಿಸಿದ ‘ನೊಸ್ತ್ರಾ ಎತಾತೆ’ ಘೋಷಣೆಯು ಇತರ ಧರ್ಮಗಳ ಅನುಯಾಯಿಗಳೊಂದಿಗೆ ಸಂವಾದ ಮತ್ತು ಸಹಕಾರ ನಡೆಸುವಂತೆ ವಿಶ್ವಾಸಿಗಳಿಗೆ ಕರೆಯಿತ್ತಿತು.

ಆರು ದಶಕಗಳು ಕಳೆದರೂ ಈ ಕರೆ ಎರಡು ಬಗೆಯ ಶಂಕೆಗಳ ನಡುವೆ ಸಿಕ್ಕಿಕೊಂಡಿದೆ. ಕ್ರೈಸ್ತರ ಸಂವಾದವೆಂದರೆ ಮತಾಂತರಕ್ಕೆ ಹಾಕುವ ಮುಸುಕೆಂದು ಹೊರಗಿನ ಕೆಲವರು ತಿಳಿಯುತ್ತಾರೆ. ಸಂವಾದವೆಂದರೆ ಕ್ರಿಸ್ತರ ಸಾಕ್ಷ್ಯವನ್ನು ಬಿಟ್ಟುಕೊಡುವುದೆಂದು ನಮ್ಮವರಲ್ಲೇ ಕೆಲವರು ಹೆದರುತ್ತಾರೆ. ಈ ಎರಡೂ ಶಂಕೆಗಳಿಗೆ 1991ರಲ್ಲಿ ರೋಮ್ ಪ್ರಕಟಿಸಿದ ‘ಸಂವಾದ ಮತ್ತು ಘೋಷಣೆ’ ಎಂಬ ದಾಖಲೆಯಲ್ಲಿ ಸಮಾಧಾನವಿದೆ. ಎರಡೂ ಧರ್ಮಸಭೆಯ ಧ್ಯೇಯಕ್ಕೆ ಸೇರಿದವು. ಆದರೆ ಒಂದನ್ನು ಇನ್ನೊಂದರ ಉಪಾಯವಾಗಿ ಬಳಸಲಾಗದು. ಮನಸ್ಸಿನಲ್ಲಿ ಒಂದಿರಿಸಿಕೊಂಡು ಬಾಯಲ್ಲಿ ಇನ್ನೊಂದಾಡುವುದು ಸಂವಾದವಲ್ಲ. ತನ್ನ ವಿಶ್ವಾಸವನ್ನು ಬಾಗಿಲ ಹೊರಗೆ ಬಿಟ್ಟು ಒಳಬರುವವನ ಮಾತೂ ಸಂವಾದವಲ್ಲ. ಅಂಥವನಿಗೆ ಹೇಳಲು ತನ್ನದೆಂಬುದೇ ಇರುವುದಿಲ್ಲ.

ಅದೇ ದಾಖಲೆ ಸಂವಾದದ ನಾಲ್ಕು ರೂಪಗಳನ್ನು ಹೇಳುತ್ತದೆ: ಬದುಕಿನ ಸಂವಾದ, ಕಾರ್ಯದ ಸಂವಾದ, ದೈವಶಾಸ್ತ್ರೀಯ ವಿನಿಮಯ, ಧಾರ್ಮಿಕ ಅನುಭವದ ಸಂವಾದ. ಪಂಡಿತರಿಗೆ ಸೇರಿದ್ದು ಇವುಗಳಲ್ಲಿ ಮೂರನೆಯದು ಮಾತ್ರ. ಮೊದಲನೆಯದು ನಮ್ಮ ಅಡುಗೆಮನೆಯಿಂದಲೇ ಹೊರಡುತ್ತದೆ. ಕ್ರಿಸ್ಮಸ್ಸಿಗೆ ಕುಸ್ವಾರಿನ ತಟ್ಟೆ ಪಕ್ಕದ ಮನೆಗೆ ಹೋಗುತ್ತದೆ. ಯುಗಾದಿಗೆ ಅಲ್ಲಿಂದ ಹೋಳಿಗೆ ಬರುತ್ತದೆ. ಕೊಟ್ಟ ಪಾತ್ರೆಯನ್ನು ಬರಿದಾಗಿ ಹಿಂದಿರುಗಿಸಬಾರದೆಂಬ ಹಳೆಯ ಮರ್ಯಾದೆ ಎರಡೂ ಮನೆಗಳಲ್ಲಿದೆ. ಅಂತಹ ನೆರೆಹೊರೆಯೇ ಇಲ್ಲವಾದಲ್ಲಿ ವೇದಿಕೆಯ ಮೇಲೆ ಮೂರು ಧರ್ಮಗಳ ಮುಖಂಡರಿಗೆ ಶಾಲು ಹೊದಿಸಿ ಹಣ್ಣಿನ ಬುಟ್ಟಿ ಕೊಟ್ಟರೂ ಊರಿನಲ್ಲಿ ಮನಸ್ತಾಪ ಬಂದ ದಿನ ಅದು ನೆರವಾಗದು.

ಆದರೆ ನಮ್ಮ ಮುಖ್ಯ ಕಾಳಜಿ ಇರುವುದು ಇನ್ನೂ ಹತ್ತಿರದಲ್ಲಿ. ಆರನೆಯ ಪೌಲರು ಸಂವಾದವನ್ನು ಒಂದರೊಳಗೊಂದು ಇರುವ ವೃತ್ತಗಳಂತೆ ವರ್ಣಿಸಿದ್ದರು: ಹೊರಗೆ ಸಮಸ್ತ ಮಾನವಕುಲ, ಅದರೊಳಗೆ ದೇವರನ್ನು ನಂಬುವವರು, ಅದರೊಳಗೆ ಇತರ ಕ್ರೈಸ್ತರು, ಕಟ್ಟಕಡೆಗೆ ಕಥೋಲಿಕ ಧರ್ಮಸಭೆಯ ಒಳಗಿನ ನಾವೇ. ಹೊರವೃತ್ತದ ಸಂವಾದಕ್ಕೆ ಆಮಂತ್ರಣ ಪತ್ರಿಕೆ ಅಚ್ಚು ಹಾಕಿಸುವ ನಾವು ಒಳವೃತ್ತದಲ್ಲಿ ಎಷ್ಟು ಕಿವಿಗೊಡುತ್ತಿದ್ದೇವೆ? ಪಾಲನಾ ಪರಿಷತ್ತಿಗೆ ಸಲಹೆ ನೀಡುವ ಅಧಿಕಾರ ಮಾತ್ರವೆಂದು ಧರ್ಮಸಭೆಯ ಕಾನೂನು ಹೇಳುವುದು ನಿಜ. ಆದರೆ ಸಲಹೆ ಕೇಳುವುದೆಂದರೆ ತೀರ್ಮಾನಕ್ಕೆ ಮುಂಚೆ ಕೇಳುವುದು. ತೀರ್ಮಾನಿಸಿದ ಮೇಲೆ ತಿಳಿಸುವುದಲ್ಲ. ಇತ್ತ ಶ್ರೀಸಾಮಾನ್ಯ ವಿಶ್ವಾಸಿಗಳಲ್ಲಿಯೂ ಕೆಲವರು ಸಭೆಯಲ್ಲಿ ಮೌನವಾಗಿದ್ದು ಗೇಟಿನ ಬಳಿ ಗುಂಪುಗೂಡಿ ಮಾತನಾಡುವುದುಂಟು. ಗುರುಗಳ ಏಕಭಾಷಣಕ್ಕೂ ಗೇಟಿನ ಬಳಿಯ ಗೊಣಗಾಟಕ್ಕೂ ಮೂಲ ಒಂದೇ: ಕೇಳಿಸಿಕೊಳ್ಳುವವರು ಇಲ್ಲವೆಂಬ ಅನಿಸಿಕೆ.

ಪೋಪ್ ಫ್ರಾನ್ಸಿಸರು 2021ರಲ್ಲಿ ಆರಂಭಿಸಿ 2024ರ ಅಕ್ಟೋಬರಿನಲ್ಲಿ ಮುಕ್ತಾಯಗೊಳಿಸಿದ ಸಿನೊಡ್ ಈ ಅನಿಸಿಕೆಯನ್ನು ನೀಗಿಸಲು ಒಂದು ವಿಧಾನವನ್ನು ತೋರಿಸಿದೆ. ‘ಪವಿತ್ರಾತ್ಮರಲ್ಲಿ ಸಂಭಾಷಣೆ’ ಎಂದು ಅದರ ಹೆಸರು. ಮೊದಲ ಸುತ್ತಿನಲ್ಲಿ ಪ್ರತಿಯೊಬ್ಬರೂ ತಮ್ಮ ಅನುಭವವನ್ನು ಹೇಳುತ್ತಾರೆ. ನಡುವೆ ಯಾರೂ ತಡೆಯುವುದಿಲ್ಲ. ಬಳಿಕ ಮೌನ. ಎರಡನೆಯ ಸುತ್ತಿನಲ್ಲಿ, ಇತರರ ಮಾತುಗಳಲ್ಲಿ ತನ್ನನ್ನು ತಟ್ಟಿದ್ದು ಯಾವುದೆಂದು ಹೇಳಬೇಕು. ತನ್ನ ಮಾತನ್ನೇ ಸಮರ್ಥಿಸಿಕೊಳ್ಳುವಂತಿಲ್ಲ. ಮತ್ತೆ ಮೌನ. ಮೂರನೆಯ ಸುತ್ತಿನಲ್ಲಿ ಎಲ್ಲರೂ ಸೇರಿ ದಾರಿ ಹುಡುಕಬೇಕು. 2023ರ ಸಭೆಯಲ್ಲಿ ಕಾರ್ಡಿನಲರು, ಧರ್ಮಾಧ್ಯಕ್ಷರು, ಧಾರ್ಮಿಕ ಸಹೋದರಿಯರು, ಗೃಹಸ್ಥರು ಒಂದೇ ದುಂಡುಮೇಜಿನ ಸುತ್ತ ಕುಳಿತು ಹೀಗೆ ಮಾತನಾಡಿದರು. ರೋಮಿನಲ್ಲಿ ಸಾಧ್ಯವಾದುದು ನಮ್ಮ ಧರ್ಮಕೇಂದ್ರದ ಸಭಾಂಗಣದಲ್ಲಿ ಅಸಾಧ್ಯವೇನಲ್ಲ. ಅದಕ್ಕೆ ಬೇಕಾದುದು ವೃತ್ತಾಕಾರದಲ್ಲಿ ಹಾಕಿದ ಹತ್ತು ಕುರ್ಚಿಗಳು ಮತ್ತು ತಾಳ್ಮೆ.

ಆದ್ದರಿಂದ ನಮ್ಮ ವಿನಂತಿ ಇಷ್ಟೇ. ಮುಂದಿನ ಬಾರಿ ಆಮಂತ್ರಣದಲ್ಲಿ ಸಂವಾದವೆಂದು ಅಚ್ಚಾಗುವ ಮುನ್ನ ಅದರ ಅರ್ಧ ಸಮಯವನ್ನಾದರೂ ಸಭಿಕರ ಮಾತಿಗೆ ಮೀಸಲಿಡೋಣ. ಕೇಳಿಬಂದ ಮಾತುಗಳಿಗೆ ಏನಾಯಿತೆಂಬುದನ್ನು ಮುಂದಿನ ಸಭೆಯಲ್ಲಿ ಮೊದಲು ತಿಳಿಸೋಣ. ಒಪ್ಪಲಾಗದಿದ್ದರೆ ಏಕೆಂಬುದನ್ನೂ ಹೇಳೋಣ. ಹಾಗೆ ಮಾಡಲು ಆಗದಿದ್ದಲ್ಲಿ ಅದನ್ನು ಉಪನ್ಯಾಸವೆಂದೇ ಕರೆಯೋಣ. ಉಪನ್ಯಾಸಕ್ಕೂ ಅದರದೇ ಆದ ಗೌರವವಿದೆ.

ಸುಖಾರಿನ ಬಾವಿಯ ಬಳಿ ನಡುಹಗಲಲ್ಲಿ ದಣಿದು ಕುಳಿತ ಪ್ರಭು ಸಮಾರಿಯದ ಹೆಂಗಸಿನೊಡನೆ ಮಾತು ಆರಂಭಿಸಿದ್ದು ಬೋಧನೆಯಿಂದಲ್ಲ, ಕುಡಿಯಲು ನೀರು ಕೇಳುವುದರಿಂದ. ಕೊಡುವವರಾಗಿ ಬಂದವರು ಮೊದಲು ಬೇಡುವವರಾದರು. ಆಕೆ ಪ್ರಶ್ನಿಸಿದಳು, ಎದುರಾಡಿದಳು, ಆರಾಧನೆ ಯಾವ ಬೆಟ್ಟದಲ್ಲಿ ನಡೆಯಬೇಕೆಂಬ ಎರಡು ಜನಾಂಗಗಳ ಹಳೆಯ ವಿವಾದವನ್ನೂ ಮುಂದಿಟ್ಟಳು. ಅವರು ಯಾವ ಪ್ರಶ್ನೆಯನ್ನೂ ತಳ್ಳಿಹಾಕಲಿಲ್ಲ. ಕೊನೆಗೆ ಆಕೆ ಕೊಡವನ್ನು ಅಲ್ಲಿಯೇ ಬಿಟ್ಟು ಊರಿನತ್ತ ಹೋದಳು. ಪ್ರಭುವಿಗೆ ನೀರು ದೊರಕಿತೋ ಇಲ್ಲವೋ ಶುಭಸಂದೇಶ ಹೇಳುವುದಿಲ್ಲ. ಆದರೆ ಊರಿನವರು ಬಾವಿಯ ಕಡೆಗೆ ಹೊರಟು ಬಂದರೆಂದು ಹೇಳುತ್ತದೆ.